‘ತಿಂದು’ ಎಂಬ ಪದ ಮಾಡಿದ ಕೆಲಸ

ಪತ್ರಿಕೆಯಲ್ಲಿ ಮೂವತ್ತೊಂದು ವರ್ಷ ದುಡಿದ ನನ್ನ ಹೆಸರು ಪತ್ರಿಕೆಯಲ್ಲಿ ಅಚ್ಚಾದದ್ದು ಒಂದೇ ಸಲ, ನಾನು ನಿವೃತ್ತಳಾದ ಮಾರನೆಯ ದಿನ. ಅದೂ ಆರನೇ ಪುಟದಲ್ಲಿ, ಶಾಲು ಹೊದಿಸಿಕೊಂಡ ಫೋಟೋದ ಕೆಳಗೆ. ಡೆಸ್ಕಿನ ಕೆಲಸವೇ ಹಾಗೆ. ಊರೂರು ತಿರುಗಿ ಸುದ್ದಿ ತರುವ ವರದಿಗಾರನನ್ನು ಜನ ಗುರುತಿಸುತ್ತಾರೆ. ಆ ಸುದ್ದಿಯನ್ನು ತಿದ್ದಿ, ಕತ್ತರಿಸಿ, ಮೇಲೊಂದು ತಲೆಬರಹ ಕೊಟ್ಟು ಪುಟದಲ್ಲಿ ಕೂರಿಸುವ ಉಪಸಂಪಾದಕಿ ಯಾರೆಂದು ಯಾರಿಗೂ ಗೊತ್ತಿರುವುದಿಲ್ಲ. ಆದರೆ ಚಹಾದಂಗಡಿಯಲ್ಲಿ, ಕ್ಷೌರದಂಗಡಿಯಲ್ಲಿ, ಬಸ್ಸಿನಲ್ಲಿ ಪಕ್ಕದವರ ಹೆಗಲ ಮೇಲಿಂದ ಇಣುಕಿ ಹೆಚ್ಚಿನವರು ಓದುವುದು ಆ ತಲೆಬರಹವನ್ನಷ್ಟೇ. ಈ ಕೆಲಸಕ್ಕೆ ಹೊಸದಾಗಿ ಸೇರುತ್ತಿರುವವರಿಗೆ ನಾನು ಬಡ್ತಿ ಪಡೆದ ಕಥೆಯಿಂದ ಏನೂ ಸಿಗುವುದಿಲ್ಲ. ನಾನು ಕೊಟ್ಟ ಒಂದು ತಲೆಬರಹದ ಕಥೆ ಉಪಯೋಗಕ್ಕೆ ಬರಬಹುದು.

ನಾನು ಸೇರಿದಾಗ ನಮ್ಮದು ಜಿಲ್ಲಾ ಮಟ್ಟದ ಸಣ್ಣ ದಿನಪತ್ರಿಕೆ. ಕಚೇರಿ ನೆಹರು ಗಂಜ್ ಎಂಬ ಧಾನ್ಯದ ಪೇಟೆಯ ಹಿಂದಿನ ಬೀದಿಯಲ್ಲಿ, ಒಂದು ದಾಲ್ ಮಿಲ್ಲಿನ ಪಕ್ಕದಲ್ಲಿತ್ತು. ಬೇಸಿಗೆಯಲ್ಲಿ ಕಿಟಕಿ ತೆರೆದರೆ ತೊಗರಿಯ ಧೂಳು ಮೇಜಿನ ಮೇಲೆಲ್ಲ ಕೂರುತ್ತಿತ್ತು, ಮುಚ್ಚಿದರೆ ಸೆಕೆ ತಡೆಯಲಾಗುತ್ತಿರಲಿಲ್ಲ. ನಾನು ಬ್ರಹ್ಮಪುರ ಬಡಾವಣೆಯ ಮನೆಯಿಂದ ನಡೆದೇ ಬರುತ್ತಿದ್ದೆ. ಕನ್ನಡ ಎಂ.ಎ. ಮಾಡಿದ್ದೇನೆಂಬ ಜಂಬ ಸ್ವಲ್ಪ ಇತ್ತು. ಅದನ್ನು ಇಳಿಸಿದವರು ಸುದ್ದಿ ಸಂಪಾದಕ ಖಾದರ್ ಸಾಹೇಬರು.

ಸಾಹೇಬರ ಮನೆಮಾತು ದಖನಿ ಉರ್ದು. ಶಾಲೆಯಲ್ಲಿ ಕಲಿತದ್ದೂ ಉರ್ದುವೇ. ಕನ್ನಡವನ್ನು ಮೂವತ್ತು ದಾಟಿದ ಮೇಲೆ ಹಟ ಹಿಡಿದು ಕಲಿತವರು. ಅದಕ್ಕೇ ಇರಬೇಕು, ನಮಗೆ ಅಭ್ಯಾಸಬಲದಿಂದ ಕಾಣದೇ ಹೋಗುವ ಪದಗಳು ಅವರಿಗೆ ಕಾಣುತ್ತಿದ್ದವು. ಪ್ರತಿಯೊಂದು ತಲೆಬರಹವನ್ನೂ ಗಟ್ಟಿಯಾಗಿ ಓದಿಸುತ್ತಿದ್ದರು. ಓದಿ ಮುಗಿಸಿದರೆ, “ಅಬ್ ಬೋಲೋ ಬೇಟಿ, ಇದನ್ನ ಕೇಳಿದ ಮನಷಾ ಮನಿಗೆ ಹೋಗಿ ಹೆಂಡ್ತಿಗೆ ಏನಂತ ಹೇಳ್ತಾನ?” ಎನ್ನುತ್ತಿದ್ದರು. ನಾನು ಬರೆದದ್ದು ಒಂದು, ಆ ಮನುಷ್ಯ ಮನೆಯಲ್ಲಿ ಹೇಳುವುದು ಇನ್ನೊಂದು ಎಂದು ಅನ್ನಿಸಿದರೆ ಕಾಗದ ವಾಪಸ್ಸು ಬರುತ್ತಿತ್ತು.

ಕೆಲಸಕ್ಕೆ ಸೇರಿದ ಎರಡನೇ ವರ್ಷವೇ ಅವರ ಮಾತಿನ ಅರ್ಥ ತಿಳಿಯುವಂಥ ಪ್ರಸಂಗ ನಡೆಯಿತು. ಮಳೆಗೆ ತೊಯ್ದ ಒಂದು ರಾಶಿ ತೊಗರಿ ಗಂಜಿನಲ್ಲಿ ಕಡಿಮೆ ದರಕ್ಕೆ ಹೋಗಿತ್ತು. ನಾನು ‘ತೊಗರಿ ದರ ಕುಸಿತ’ ಎಂದು ಕೊಟ್ಟೆ. ಅಂದು ಸಾಹೇಬರು ರಜೆಯಲ್ಲಿದ್ದರು, ಓದಿಸುವವರಿರಲಿಲ್ಲ. ಮರುದಿನ ಬೆಳಿಗ್ಗೆ ಕಚೇರಿಗೆ ಬರಲು ದಾರಿಯೇ ಇಲ್ಲ. ದರ ಇನ್ನೂ ಬೀಳುತ್ತದೆಂದು ಹೆದರಿ ಸುತ್ತಲಿನ ಹಳ್ಳಿಯವರೆಲ್ಲ ಒಮ್ಮೆಲೇ ಟ್ರ್ಯಾಕ್ಟರು ತಂದು ನಿಲ್ಲಿಸಿದ್ದರು. ಅಷ್ಟೊಂದು ಮಾಲು ಒಂದೇ ದಿನ ಬಂದದ್ದರಿಂದ ದರ ನಿಜವಾಗಿಯೂ ಬಿತ್ತು. ಪರಿಚಯದ ಅಡತಿ ವ್ಯಾಪಾರಿಯೊಬ್ಬರು ನನ್ನನ್ನು ನೋಡಿ, “ನಿನ್ನೆ ಬಿದ್ದಿರ್ಲಿಲ್ರಿ ಅಕ್ಕಾರ. ನೀವು ಬಿತ್ತಂದ್ರಿ, ಇವತ್ತು ಬಿತ್ತು” ಎಂದು ನಕ್ಕರು. ನಾನೂ ನಕ್ಕೆ. ಆ ನಗುವಿನ ಬಗ್ಗೆ ನನಗೆ ಈಗಲೂ ಸಂಕೋಚವಿದೆ. ಅದಾಗಿ ಕೆಲವು ವರ್ಷಗಳ ನಂತರ ನಡೆದದ್ದನ್ನು ಹೇಳಲೆಂದೇ ಇದನ್ನು ಬರೆಯುತ್ತಿದ್ದೇನೆ.

ನಮ್ಮ ಜಿಲ್ಲೆಯ ಕಮಲಾಪುರದಲ್ಲಿ ನಮಗೆ ಮಲ್ಲಣ್ಣ ಎಂಬ ವರದಿಗಾರರಿದ್ದರು. ಸಂಬಳದವರಲ್ಲ, ಹೊಲಿಗೆಯಂಗಡಿ ನಡೆಸುತ್ತ ಹವ್ಯಾಸಕ್ಕೆ ಸುದ್ದಿ ಕಳಿಸುವವರು. ಬಟ್ಟೆಯ ಅಳತೆ ತೆಗೆದುಕೊಂಡಷ್ಟೇ ಜೋಪಾನವಾಗಿ ಸುದ್ದಿ ಬರೆಯುತ್ತಿದ್ದರು. ಮೊದಲು ಬಸ್ ಕಂಡಕ್ಟರನ ಕೈಯಲ್ಲಿ ಲಕೋಟೆ ಕೊಟ್ಟು ಕಳಿಸುತ್ತಿದ್ದವರು ಆಗ ಫೋನಿನಲ್ಲಿ ಹೇಳಿ ಬರೆಸಲು ಶುರುಮಾಡಿದ್ದರು.

ಒಂದು ಸಂಜೆ ಅವರ ಫೋನು ಬಂತು. ಕಮಲಾಪುರದ ಹತ್ತಿರದ ಒಂದು ಹಳ್ಳಿಯ ಶಾಲೆಯಲ್ಲಿ ಬೆಳಿಗ್ಗೆ ಆಟದ ಸ್ಪರ್ಧೆಗಳು ನಡೆದಿವೆ. ಆಟ ಮುಗಿದ ಮೇಲೆ ಮಕ್ಕಳಿಗೆ ಬಾಳೆಹಣ್ಣು ಹಂಚಿದ್ದಾರೆ. ಮಧ್ಯಾಹ್ನದ ಹೊತ್ತಿಗೆ ಹದಿನಾಲ್ಕು ಮಕ್ಕಳಿಗೆ ವಾಂತಿಭೇದಿ. ಆಸ್ಪತ್ರೆಗೆ ಸೇರಿಸಿದ್ದಾರೆ, ಜೀವಕ್ಕೇನೂ ಅಪಾಯವಿಲ್ಲ. ಕಾರಣ ತಿಳಿದುಬಂದಿಲ್ಲ, ಕುಡಿಯುವ ನೀರಿನ ಮಾದರಿಯನ್ನು ಪರೀಕ್ಷೆಗೆ ಕಳಿಸಲಾಗಿದೆ. ಅವರು ಹೇಳಿದಂತೆಯೇ ಬರೆದುಕೊಂಡೆ. ಆ ಹಳ್ಳಿಯ ಹೆಸರು ಇಲ್ಲಿ ಬೇಡ.

ಮೊದಲ ಪುಟದಲ್ಲಿ ಇದ್ದದ್ದು ಸ್ವಲ್ಪವೇ ಜಾಗ. ಜಾಗ ಸಾಲದಿದ್ದರೆ ಸುದ್ದಿಯನ್ನು ಕೆಳಗಿನಿಂದ ಕತ್ತರಿಸುವುದು ನಮ್ಮ ರೂಢಿ. ಕೊನೆಯ ವಾಕ್ಯ ತೆಗೆದೆ. ಕಾರಣ ತಿಳಿದಿಲ್ಲ, ನೀರಿನ ಪರೀಕ್ಷೆ ಆಗಬೇಕು ಎಂಬ ವಾಕ್ಯವೇ ಅದು. ಮೇಲೆ ದಪ್ಪಕ್ಷರದಲ್ಲಿ ‘ಬಾಳೆಹಣ್ಣು ತಿಂದು ಹದಿನಾಲ್ಕು ಮಕ್ಕಳು ಅಸ್ವಸ್ಥ’ ಎಂದು ಬರೆದೆ. ಖಾದರ್ ಸಾಹೇಬರು ಬೇರೊಂದು ಪುಟ ನೋಡುತ್ತಿದ್ದರು, ನನ್ನ ಪುಟಕ್ಕೆ ಅವಸರದಲ್ಲಿ ಸಹಿ ಹಾಕಿ ಕೊಟ್ಟರು. ಕಡೆಯ ಬಸ್ಸಿಗೆ ಪತ್ರಿಕೆಯ ಕಟ್ಟು ಕಳಿಸಬೇಕಾಗಿತ್ತು. ಅಂದು ಗಟ್ಟಿಯಾಗಿ ಓದುವಷ್ಟು ಪುರುಸೊತ್ತು ಯಾರಿಗೂ ಇರಲಿಲ್ಲ.

ಆ ಹಳ್ಳಿಯಲ್ಲಿ ಗ್ರಾಮ ಪಂಚಾಯಿತಿ ಚುನಾವಣೆಗೆ ನಾಲ್ಕು ದಿನ ಉಳಿದಿತ್ತು. ಅದು ನನಗೆ ಗೊತ್ತಿತ್ತು. ನನಗೆ ಗೊತ್ತಿಲ್ಲದಿದ್ದುದು, ಅಲ್ಲಿ ಶರಣಮ್ಮ ಎಂಬ ಹೆಂಗಸು ನಿಂತಿದ್ದಾಳೆ ಎಂಬುದು. ಕಮಲಾಪುರ ಬಸ್ ಸ್ಟ್ಯಾಂಡಿನಲ್ಲಿ ಇಪ್ಪತ್ತು ವರ್ಷದಿಂದ ಬುಟ್ಟಿಯಿಟ್ಟು ಅಲ್ಲಿನ ಹೆಸರಾಂತ ಕೆಂಪು ಬಾಳೆಹಣ್ಣು ಮಾರುತ್ತಿದ್ದವಳು. ಶಾಲೆಯವರು ಅಂದು ಹಣ್ಣು ಕೊಂಡದ್ದು ಅವಳ ಹತ್ತಿರ. ಅವಳು ಚುನಾವಣೆಗೆ ನಿಂತದ್ದೂ ಒಂದೇ ಮಾತಿಗಾಗಿ. ಊರಿನ ನೀರಿನ ಟ್ಯಾಂಕು ತೊಳೆದು ಎರಡು ವರ್ಷವಾಯಿತು, ತಾನು ಆರಿಸಿ ಬಂದರೆ ಮೊದಲು ಅದನ್ನು ತೊಳೆಸುತ್ತೇನೆ ಎಂದು ಮನೆಮನೆಗೂ ಹೇಳುತ್ತಿದ್ದಳು.

ನಮ್ಮ ಪತ್ರಿಕೆ ಆ ಊರಿಗೆ ಹೋಗುತ್ತಿದ್ದದ್ದು ಹತ್ತೇ ಪ್ರತಿ. ಸುದ್ದಿ ಅಚ್ಚಾದ ದಿನ ಮಧ್ಯಾಹ್ನವೇ ಯಾರೋ ಕಮಲಾಪುರಕ್ಕೆ ಹೋಗಿ ನನ್ನ ತಲೆಬರಹದ ಝೆರಾಕ್ಸು ತೆಗೆಸಿ ತಂದರು. ಗುಡಿಯ ಗೋಡೆಗೆ, ಹಿಟ್ಟಿನ ಗಿರಣಿಯ ಬಾಗಿಲಿಗೆ, ಬೋರ್‌ವೆಲ್ ಕಂಬಕ್ಕೆ ಅಂಟಿಸಿದರು. ಎದುರಾಳಿಗಳು ಬೇರೆ ಪ್ರಚಾರ ಮಾಡಬೇಕಾಗಲೇ ಇಲ್ಲ. ಶರಣಮ್ಮ ಹನ್ನೊಂದು ಮತಗಳಿಂದ ಸೋತಳು.

ಎಣಿಕೆ ಮುಗಿದು ಒಂದು ವಾರಕ್ಕೆ ಪರೀಕ್ಷೆಯ ವರದಿ ಬಂತು. ದೋಷ ಟ್ಯಾಂಕಿನ ನೀರಿನದು. ಬಾಳೆಹಣ್ಣಿಗೂ ವಾಂತಿಭೇದಿಗೂ ಸಂಬಂಧವಿಲ್ಲ. ಮಲ್ಲಣ್ಣ ಈ ಸಲ ಫೋನು ಮಾಡಲಿಲ್ಲ, ಹೊಲಿಗೆಯಂಗಡಿ ಮುಚ್ಚಿ ತಾವೇ ಬಸ್ಸು ಹತ್ತಿ ಬಂದರು. ಶರಣಮ್ಮ ಸೋತ ವಿಷಯ, ಝೆರಾಕ್ಸಿನ ವಿಷಯ ನನಗೆ ತಿಳಿದದ್ದು ಆಗಲೇ. ಅವರು ಸಿಟ್ಟು ಮಾಡಲಿಲ್ಲ.

“ನಾ ನೀರಿಂದು ಹೇಳಿದ್ದೆ ಅಲ್ರಿ ಮೇಡಂ?” ಎಂದರು.

“ಹೇಳಿದ್ರಿ.”

“ಮತ್ತ ಅದು ಎಲ್ಲಿ ಹೋತ್ರಿ?”

ಜಾಗ ಇರಲಿಲ್ಲ ಎಂದೆ. ಆ ಮಾತು ಬಾಯಿಂದ ಹೊರಬಿದ್ದ ಮೇಲೆ ಅದು ಎಂಥ ಉತ್ತರವೆಂದು ನನಗೇ ಗೊತ್ತಾಯಿತು.

ಸಂಪಾದಕರು ಪತ್ರಿಕೆಯ ಮಾಲೀಕರೂ ಹೌದು. ಕೆಟ್ಟವರಲ್ಲ, ಆದರೆ ತಪ್ಪಾಯಿತೆಂದು ಒಪ್ಪಿಕೊಂಡರೆ ಪತ್ರಿಕೆಯ ಮೇಲಿನ ನಂಬಿಕೆ ಹೋಗುತ್ತದೆಂದು ಬಲವಾಗಿ ನಂಬಿದ್ದರು. ನನ್ನ ತಲೆಬರಹವನ್ನು ಎರಡು ಸಲ ಓದಿದರು. “ಇದರಾಗ ಸುಳ್ಳು ಎಲ್ಲದ? ಮಕ್ಕಳು ಬಾಳೆಹಣ್ಣು ತಿಂದಾರ, ಹೌದು. ಹದಿನಾಲ್ಕು ಮಂದಿಗೆ ಆರಾಮ ತಪ್ಪ್ಯದ, ಹೌದು. ಆ ಹೆಣ್ಮಗಳ ಹೆಸರ ಸೈತ ಹಾಕಿಲ್ಲ” ಎಂದರು. ನೀರಿನ ವರದಿಯನ್ನು ಐದನೇ ಪುಟದಲ್ಲಿ ಮೂರು ಸಾಲು ಹಾಕಿದರೆ ಸಾಕು ಎಂದರು. ಹಾಗೆಯೇ ಹಾಕಿದೆವು. ಅದನ್ನು ಯಾರೂ ಝೆರಾಕ್ಸ್ ಮಾಡಲಿಲ್ಲ.

ಅವರ ಮಾತು ನನಗೆ ಸಮಾಧಾನ ಕೊಡಬೇಕಾಗಿತ್ತು, ಕೊಡಲಿಲ್ಲ. ಖಾದರ್ ಸಾಹೇಬರ ಮುಂದೆ ಹೋಗಿ ಕೂತೆ. ಅವರು ಆ ಹಳೆಯ ಪುಟ ತರಿಸಿ, ಪೆನ್ಸಿಲಿನಿಂದ ಒಂದೇ ಒಂದು ಪದಕ್ಕೆ ಸುತ್ತು ಹಾಕಿದರು. ‘ತಿಂದು’.

“ಮಕ್ಕಳು ತಿಂದ್ರು, ಒಂದು ಮಾತು. ಮಕ್ಕಳಿಗೆ ಆರಾಮ ತಪ್ಪಿತು, ಇನ್ನೊಂದು ಮಾತು. ಎರಡೂ ಸಹೀ ಅವ. ನಡುವ ಈ ‘ತಿಂದು’ ಕೂತದಲ್ಲ ಬೇಟಿ, ಗುನ್ಹೇ ಇದರದ್ದು. ನಿಮ್ಮ ಕನ್ನಡದಾಗ ಇದು ‘ತಿಂದ ಮ್ಯಾಲೆ’ ಅಂತನೂ ಹೇಳ್ತದ, ‘ತಿಂದದ್ದಕ್ಕ’ ಅಂತನೂ ಹೇಳ್ತದ. ನೀ ಬರಿವಾಗ ಮೊದಲಿಂದು ಅಂದ್ಕೊಂಡಿ. ಊರು ಓದುವಾಗ ಎರಡನೇದು ಓದ್ತು.”

ಕನ್ನಡ ಎಂ.ಎ. ಮಾಡಿದವಳಿಗೆ ಆ ಪದದ ಗುಣವನ್ನು ತಿಳಿಸಿಕೊಟ್ಟವರು ಉರ್ದು ಶಾಲೆಯಲ್ಲಿ ಓದಿದವರು. ಪೆನ್ಸಿಲು ಕೆಳಗಿಟ್ಟು ಅವರೇ, “ಆಕಿ ಕಡೆ ಹೋಗಿ ಬಾ. ಮಾಫಿ ಕೇಳು. ಆಮ್ಯಾಲ ಏನು ಮಾಡೋದಂತ ನೋಡೋಣ” ಎಂದರು.

ಮರುದಿನ ಬೆಳಿಗ್ಗೆ ಕಮಲಾಪುರದ ಬಸ್ಸು ಹತ್ತಿದೆ. ಮಲ್ಲಣ್ಣ ನಿಲ್ದಾಣದಲ್ಲಿ ಕಾಯುತ್ತಿದ್ದರು. ಹಣ್ಣು ಮಾರುವ ಹೆಂಗಸರು ಸಾಲಾಗಿ ಕೂತು ಬಸ್ಸಿನ ಕಿಟಕಿಗಳತ್ತ ಕೆಂಪು ಹಣ್ಣಿನ ಗೊಂಚಲು ಎತ್ತಿ ಹಿಡಿದು ಕೂಗುತ್ತಿದ್ದರು. ಶರಣಮ್ಮ ಆ ಸಾಲಿನ ತುದಿಯಲ್ಲಿದ್ದಳು. ಐವತ್ತರ ಹತ್ತಿರದ, ಗಟ್ಟಿ ಮೈಕಟ್ಟಿನ ಹೆಂಗಸು. ಬುಟ್ಟಿಯ ಹಣ್ಣು ಹಾಗೇ ಇತ್ತು. ಅವಳು ಕೂಗುತ್ತಿರಲಿಲ್ಲ.

ಮಲ್ಲಣ್ಣ ನಾನು ಯಾರೆಂದು ಹೇಳಿದರು. ಆಕೆ ನನ್ನನ್ನು ಮೇಲಿಂದ ಕೆಳಗೆ ನೋಡಿದಳು.

“ನೀವೇ ಬರ್ದವ್ರಾ?”

“ಹೌದ್ರಿ, ನಾನೇ.”

“ಪೇಪರ್ ತಂದೀರಾ? ನನಗ ಓದಾಕ ಬರಾಂಗಿಲ್ಲ. ಮಂದಿ ಹೇಳಿದ್ದು ಕೇಳೀನಿ. ಬರ್ದವ್ರ ಬಾಯಾಗ ಒಂದ್ಸಲ ಕೇಳ್ತೀನಿ, ಓದ್ರಿ.”

ಬಸ್ ಸ್ಟ್ಯಾಂಡಿನ ಗದ್ದಲದಲ್ಲಿ ನಿಂತು ನಾನು ನನ್ನ ತಲೆಬರಹವನ್ನು ಮೊದಲ ಸಲ ಗಟ್ಟಿಯಾಗಿ ಓದಿದೆ. ಪಕ್ಕದ ಹೆಂಗಸರೂ ಕೂಗುವುದು ನಿಲ್ಲಿಸಿ ಕೇಳಿದರು. ಓದಿ ಮುಗಿಸಿ, ತಪ್ಪಾಯಿತೆಂದು ಹೇಳಿದೆ. ಐದನೇ ಪುಟದ ಮೂರು ಸಾಲನ್ನೂ ಓದಿ ತೋರಿಸಿದೆ.

ಆಕೆ ಎರಡೂ ಪುಟಗಳನ್ನು ಇಸಿದುಕೊಂಡು ಬುಟ್ಟಿಯ ಮೇಲೆ ಹಾಸಿದಳು. ಮೊದಲ ಪುಟದ ತಲೆಬರಹದ ಮೇಲೆ ಹೆಬ್ಬೆರಳು, ತೋರುಬೆರಳು ಅಗಲಿಸಿ ಇಟ್ಟು ಅಕ್ಷರದ ಎತ್ತರ ಅಳೆದಳು. ಹಾಗೇ ಬೆರಳನ್ನು ಎತ್ತಿ ಐದನೇ ಪುಟದ ಸಣ್ಣ ಅಕ್ಷರದ ಪಕ್ಕ ಇಟ್ಟಳು.

“ನನಗ ಓದಾಕ ಬರಲ್ಲ ಖರೆ, ಸಣ್ಣದ್ಯಾವುದು ದೊಡ್ಡದ್ಯಾವುದು ಕಾಣ್ತದ. ಬೈಯುವಾಗ ಇಷ್ಟು ದೊಡ್ಡದು, ತಪ್ಪಾತು ಅನ್ನುವಾಗ ಇಷ್ಟ ಇಷ್ಟು. ಇದ್ಯಾವ ನ್ಯಾಯ ರೀ?”

ಆಕೆ ಮುಂದುವರಿಸಿದಳು. “ಓಟಿಗೆ ನಾ ಅಳಾಂಗಿಲ್ಲ. ಸೋಲೂದು ಗೆಲ್ಲೂದು ಇದ್ದದ್ದ. ಆದ್ರ ಆ ಹದಿನಾಲ್ಕು ಹುಡುಗ್ರಾಗ ನಮ್ಮ ಅಕ್ಕನ ಮೊಮ್ಮಗನೂ ಇದ್ದ. ಅಕ್ಕ ನನ್ನ ಮನಿಗೆ ಬರೂದು ಬಿಟ್ಟಾಳ. ಆಕಿಗೆ ಏನಂತ ಹೇಳ್ಲಿ? ಇಷ್ಟೇ ದೊಡ್ಡ ಅಕ್ಷರದಾಗ ಬರೀರಿ. ಆವಾಗ ಆಕಿ ಬರ್ತಾಳೋ ಇಲ್ಲೋ ನೋಡೋಣ.”

ಮರಳಿ ಬಂದು ಇದ್ದದ್ದನ್ನು ಇದ್ದಂತೆ ಹೇಳಿದೆ. ಸಂಪಾದಕರು ಒಪ್ಪಲಿಲ್ಲ. ಅವರು ಎರಡು ದಿನ ಬೀದರಿಗೆ ಹೋಗುವವರಿದ್ದರು, ಹೋದರು. ಆ ಎರಡು ದಿನ ಪತ್ರಿಕೆಯಲ್ಲಿ ಏನು ಹಾಕಬೇಕೆಂಬ ಕೊನೆಯ ಮಾತು ಖಾದರ್ ಸಾಹೇಬರದು. ಅವರು ಮಲ್ಲಣ್ಣನಿಗೆ ಫೋನು ಮಾಡಿ, ಟ್ಯಾಂಕು ತೊಳೆದು ಎಷ್ಟು ದಿನವಾಯಿತು, ಯಾರು ಯಾರಿಗೆ ಎಷ್ಟು ಸಲ ಅರ್ಜಿ ಕೊಟ್ಟಿದ್ದಾರೆ, ಎಲ್ಲ ಬರೆಸಿಕೊಂಡರು. ಅದೇ ಮೊದಲ ಪುಟ, ಅದೇ ಜಾಗ, ಅದೇ ಅಳತೆಯ ಅಕ್ಷರದಲ್ಲಿ ‘ಮಕ್ಕಳ ಅಸ್ವಸ್ಥತೆಗೆ ಕಾರಣ ಟ್ಯಾಂಕಿನ ನೀರು, ಬಾಳೆಹಣ್ಣಲ್ಲ’ ಎಂದು ಹಾಕಿಸಿದರು. ಅದರ ಕೆಳಗೆ ಹಿಂದಿನ ತಲೆಬರಹ ತಪ್ಪು ತಿಳಿವಳಿಕೆಗೆ ಎಡೆಮಾಡಿತ್ತು, ಅದು ನಮ್ಮ ತಪ್ಪು ಎಂಬ ಸಾಲು. ಆ ಸಾಲನ್ನು ಬರೆದವಳು ನಾನು. ಅಂದು ಅದನ್ನು ಡೆಸ್ಕಿನಲ್ಲಿದ್ದ ಮೂವರೂ ಗಟ್ಟಿಯಾಗಿ ಓದಿದೆವು.

ಸಂಪಾದಕರು ಬೀದರಿನಿಂದ ಬಂದವರೇ ಸಾಹೇಬರಿಗೆ ಲಿಖಿತ ಎಚ್ಚರಿಕೆ ಕೊಟ್ಟರು. ಸಾಹೇಬರು ಅದನ್ನು ಓದಿ, ವ್ಯಾಕರಣದ ಒಂದು ತಪ್ಪು ತಿದ್ದಿ, ಸಹಿ ಮಾಡಿ ವಾಪಸ್ಸು ಕಳಿಸಿದರು. ನನ್ನ ತಪ್ಪಿಗೆ ಅವರು ಮಾತು ಕೇಳಬೇಕಾಗಿ ಬಂದದ್ದು ನನ್ನನ್ನು ಬಹಳ ದಿನ ಕುಟುಕುತ್ತಿತ್ತು. ಹೇಳಿದರೆ, “ಪುಟದ ಮ್ಯಾಲೆ ದಸ್ತಖತ್ ನಂದು ಇತ್ತು, ಮೊದಲಿಂದಕ್ಕೂ ನಂದೇ ಇತ್ತು” ಎಂದು ಮಾತು ಮುಗಿಸಿದರು. ಪತ್ರಿಕೆಯ ನಂಬಿಕೆಯೇನೂ ಹೋಗಲಿಲ್ಲ. ಆ ಊರಿನಲ್ಲಿ ಹತ್ತು ಪ್ರತಿ ಇದ್ದದ್ದು ಮುಂದೆಯೂ ಹತ್ತೇ ಇತ್ತು.

ಟ್ಯಾಂಕನ್ನು ತೊಳೆದರು. ಶರಣಮ್ಮನ ಅಕ್ಕ ಮನೆಗೆ ಬಂದಳೆಂದು ಮಲ್ಲಣ್ಣ ತಿಳಿಸಿದರು. ಆದರೆ ಎಲ್ಲವೂ ಸರಿಹೋಯಿತೆಂದು ಬರೆದರೆ ಮತ್ತೊಂದು ತಪ್ಪು ತಲೆಬರಹ ಕೊಟ್ಟಂತಾಗುತ್ತದೆ. ಎಷ್ಟೋ ವರ್ಷದ ಮೇಲೆ ನಮ್ಮೂರಿನ ಐವಾನ್-ಎ-ಶಾಹಿ ಬಡಾವಣೆಯ ಒಂದು ಮದುವೆಯಲ್ಲಿ ಊಟಕ್ಕೆ ಕೂತಿದ್ದಾಗ ಎಲೆಗೆ ಕೆಂಪು ಬಾಳೆಹಣ್ಣು ಬಂತು. ಪಕ್ಕದ ಹೆಂಗಸು ಮಗುವಿನ ಕೈಯಿಂದ ಅದನ್ನು ಕಸಿದು, “ಬ್ಯಾಡ, ಇದಕ್ಕ ಬಣ್ಣ ಹಾಕ್ತಾರಂತ, ಹಿಂದಕ್ಕ ಪೇಪರದಾಗ ಬಂದಿತ್ತು” ಎಂದಳು. ಬಣ್ಣದ ಮಾತನ್ನು ನಾವು ಯಾವತ್ತೂ ಬರೆದಿರಲಿಲ್ಲ. ಬಾಯಿಂದ ಬಾಯಿಗೆ ಹೋಗುತ್ತ ನನ್ನ ವಾಕ್ಯ ಬೆಳೆದಿತ್ತು. ನಾನು ಆ ಹಣ್ಣು ಸುಲಿದು ಆಕೆಯ ಎದುರಿಗೇ ತಿಂದೆ. ಅದಕ್ಕಿಂತ ಹೆಚ್ಚಿಗೆ ಏನು ಮಾಡಬಹುದೆಂದು ಆಗ ಹೊಳೆಯಲಿಲ್ಲ.

ಮುಂದಿನ ಚುನಾವಣೆಗೆ ಶರಣಮ್ಮ ಮತ್ತೆ ನಿಂತಳು. ಅವಳ ಬಗ್ಗೆ ಒಂದು ಒಳ್ಳೆಯ ಲೇಖನ ಹಾಕಿ ಋಣ ತೀರಿಸೋಣವೆಂದು ನನಗೆ ಆಸೆ. ಮಲ್ಲಣ್ಣನ ಅಂಗಡಿಯ ಫೋನಿಗೆ ಅವಳನ್ನು ಕರೆಸಿ ಮಾತಾಡಿಸಿದೆ. ಆಕೆ ಬೇಡವೆಂದಳು.

“ಕೆಟ್ಟದ್ದು ಬರೀಬ್ಯಾಡ್ರಿ, ಒಳ್ಳೇದೂ ಬರೀಬ್ಯಾಡ್ರಿ. ನಮ್ಮೂರ ಮಂದಿ ನನ್ನ ದಿನಾ ನೋಡ್ತಾರ. ನೋಡಿದ್ದರ ಮ್ಯಾಲೆ ಹಾಕ್ಲಿ.”

ಆ ಸಲ ಗೆದ್ದಳು. ನಾವು ಏನೂ ಬರೆದಿರಲಿಲ್ಲ.

ಖಾದರ್ ಸಾಹೇಬರು ನಿವೃತ್ತರಾದರು. ದಾಲ್ ಮಿಲ್ಲಿನ ಪಕ್ಕದ ಕಚೇರಿ ಹೋಗಿ ಗಾಜಿನ ಕಟ್ಟಡ ಬಂತು. ನನ್ನ ಕಡೆಯ ವರ್ಷಗಳಲ್ಲಿ ಸುದ್ದಿ ಕಾಗದಕ್ಕೆ ಹೋಗುವ ಮುಂಚೆ ಮೊಬೈಲಿಗೆ ಹೋಗತೊಡಗಿತು. ಬಸ್ಸಿಗೆ ಕಾಯುವುದಿಲ್ಲ, ಪುಟದಲ್ಲಿ ಜಾಗವಿಲ್ಲವೆಂಬ ನೆಪವಿಲ್ಲ, ಆದರೆ ಅವಸರ ಮಾತ್ರ ಹತ್ತು ಪಟ್ಟಾಯಿತು. ನಮ್ಮ ಆನ್‌ಲೈನ್ ವಿಭಾಗದ ಮುಖ್ಯಸ್ಥ ಪ್ರವೀಣ. ನನಗಿಂತ ಇಪ್ಪತ್ತೈದು ವರ್ಷ ಚಿಕ್ಕವನು, ಚುರುಕು, ಒಳ್ಳೆಯ ಮನಸ್ಸಿನವನು.

ನನ್ನ ನಿವೃತ್ತಿಗೆ ಕೆಲವೇ ತಿಂಗಳು ಮೊದಲು ಮತದಾನದ ದಿನವೊಂದು ಬಂತು. ಬೆಳಿಗ್ಗೆ ಹತ್ತೂವರೆಯ ಹೊತ್ತಿಗೆ ಎಲ್ಲರ ಮೊಬೈಲಿಗೂ ಒಂದು ಸಂದೇಶ ಬಂತು. ನಮ್ಮ ಕಚೇರಿಗೆ ಹತ್ತಿರದ ಒಂದು ಶಾಲೆಯ ಮತಗಟ್ಟೆಯಲ್ಲಿ ಯಂತ್ರ ಕೆಟ್ಟು ಮತದಾನ ಬಂದ್ ಆಗಿದೆ, ಇವತ್ತು ಮತ್ತೆ ಶುರುವಾಗುವುದಿಲ್ಲ ಎಂದು. ನಮ್ಮ ವರದಿಗಾರರೆಲ್ಲ ಬೇರೆ ಕಡೆ ಇದ್ದರು. ಬೇರೆ ಎರಡು ಪತ್ರಿಕೆಗಳವರು ಆನ್‌ಲೈನಿನಲ್ಲಿ ಈ ಸುದ್ದಿಯನ್ನು ಆಗಲೇ ಹಾಕಿದ್ದರು.

“ಮೇಡಂ, ‘ಯಂತ್ರ ಕೆಟ್ಟು ಮತದಾನ ಸ್ಥಗಿತ’, ಇಷ್ಟು ಹಾಕಿ ಬಿಡ್ರಿ. ಆಮ್ಯಾಲ ಬೇಕಾದ್ರ ತಿದ್ದೋಣ” ಎಂದ ಪ್ರವೀಣ.

“ಅರ್ಧ ತಾಸು ಕೊಡು. ನಾನೇ ನೋಡಿ ಬರ್ತೀನಿ.”

“ಅರ್ಧ ತಾಸಾ? ಅಷ್ಟರಾಗ ಮಂದಿ ಎಲ್ಲಾ ಓದಿ ಮುಗಿಸಿರ್ತಾರ್ರಿ.”

“ಅದಕ್ಕೇ ಹೋಗ್ತೀನಿ” ಎಂದು ಚಪ್ಪಲಿ ಮೆಟ್ಟಿಕೊಂಡೆ.

ನಡೆದರೆ ಏಳೆಂಟು ನಿಮಿಷದ ದಾರಿ. ಮತಗಟ್ಟೆಯಲ್ಲಿ ಸಾಲು ಚಲಿಸುತ್ತಿತ್ತು. ಅಧಿಕಾರಿಯನ್ನು ಕೇಳಿದೆ. ಬೆಳಿಗ್ಗೆ ಒಂದು ತಂತಿ ಸಡಿಲವಾಗಿ ಹತ್ತು ನಿಮಿಷ ನಿಂತಿತ್ತು, ಸರಿಮಾಡಿ ತಾಸಾಯಿತು ಎಂದರು. ಸಾಲಿನಲ್ಲಿದ್ದವರೂ ಅದನ್ನೇ ಹೇಳಿದರು. ಅಲ್ಲಿಂದಲೇ ಪ್ರವೀಣನಿಗೆ ಫೋನು ಮಾಡಿ, ‘ಮತದಾನ ನಡೆಯುತ್ತಿದೆ, ಸಂಜೆಯವರೆಗೂ ನಡೆಯುತ್ತದೆ’ ಎಂದು ಹಾಕಲು ಹೇಳಿ, ಸಾಲಿನ ಫೋಟೋ ಕಳಿಸಿದೆ. ಹಾಕಿದ. ಧ್ವನಿಯಲ್ಲಿ ಬೇಸರವಿತ್ತು. ಬಂದ್ ಆದ ಸುದ್ದಿಯನ್ನು ಓದುವಷ್ಟು ಜನ ನಡೆಯುತ್ತಿರುವ ಸುದ್ದಿಯನ್ನು ಓದುವುದಿಲ್ಲ, ಅದು ಅವನಿಗೂ ಗೊತ್ತು, ನನಗೂ ಗೊತ್ತು.

ಹಿಂದಿರುಗುವಾಗ ಬೀದಿಯ ತಿರುವಿನಲ್ಲಿ ಒಂದು ಗುಂಪು ಎದುರಾಯಿತು. ಬುರ್ಖಾ ತೊಟ್ಟ ಇಬ್ಬರು ಹೆಂಗಸರು, ಕೋಲು ಹಿಡಿದ ಒಬ್ಬರು ಮುದುಕರು, ಅವರ ಸೊಸೆ, ಇನ್ನೂ ಕೆಲವರು. ಕೈಯಲ್ಲಿ ಮತದಾರರ ಚೀಟಿ. ಮನೆಯ ಕಡೆ ತಿರುಗಿದ್ದರು.

“ಯಾಕ್ರಿ ಅಜ್ಜಾರ, ಓಟ್ ಹಾಕಿಲ್ಲೇನು?” ಎಂದೆ.

“ಬಂದ್ ಆಗ್ಯದಂತಲ್ಲವ್ವ. ಫೋನಿನಾಗ ಬಂದದ.”

“ಇಲ್ಲರಿ, ನಡದದ. ನಾ ಈಗ ಅಲ್ಲಿಂದೇ ಬಂದೀನಿ, ಕಣ್ಣಾರೆ ನೋಡೀನಿ.”

ಅವರು ಪರಸ್ಪರ ಮುಖ ನೋಡಿಕೊಂಡರು. ಬುರ್ಖಾದ ಹೆಂಗಸೊಬ್ಬಳು ಮೊಬೈಲನ್ನು ನನ್ನ ಮುಂದೆ ಹಿಡಿದಳು. ಅದರಲ್ಲಿ ಅಚ್ಚುಕಟ್ಟಾಗಿ, ಮತದಾನ ಸ್ಥಗಿತ ಎಂದೇ ಇತ್ತು. “ಇದರಾಗ ಬಂದದ್ದು ಝೂಟಾ?” ಎಂದಳು. ಅದು ಪರದೆಯ ಮೇಲಿನ ಬರಹ, ನಾನು ಬೀದಿಯಲ್ಲಿ ನಿಂತ ಒಬ್ಬ ಅಪರಿಚಿತ ಹೆಂಗಸು. ಅವಳ ಅನುಮಾನ ಸಹಜವೇ ಆಗಿತ್ತು.

“ನನ್ನ ಮಾತು ನಂಬಬ್ಯಾಡ್ರಿ. ನಾನೂ ಬರ್ತೀನಿ, ನಡೀರಿ. ನೀವೇ ನೋಡ್ರಿ” ಎಂದೆ.

ಮುದುಕರ ಹೆಜ್ಜೆಗೆ ಹೆಜ್ಜೆ ಹಾಕಿ ಮೆಲ್ಲಗೆ ನಡೆದೆವು. ದಾರಿಯಲ್ಲಿ ಇನ್ನೂ ಇಬ್ಬರು ಸೇರಿಕೊಂಡರು. ಶಾಲೆಯ ಗೇಟಿನ ಹತ್ತಿರ ಸಾಲು ಕಾಣುತ್ತಲೇ ಸೊಸೆ ಮಾವನ ಕೈಹಿಡಿದು ಮುಂದೆ ಸರಿದಳು. ನಾನು ಹೊರಗೆ ಬೇವಿನ ಮರದ ನೆರಳಿನಲ್ಲಿ ನಿಂತು, ಒಳಗೆ ಹೋದವರನ್ನು ಎಣಿಸಿದೆ. ಒಂಬತ್ತು ಜನ.

ಒಬ್ಬೊಬ್ಬರೇ ಹೊರಗೆ ಬಂದರು. ಮುದುಕರು ನನ್ನ ಮುಂದೆ ನಿಂತು ಏನೋ ಹೇಳಹೊರಟರು. ಯಾರಿಗೆ ಹಾಕಿದೆನೆಂದು ಹೇಳುತ್ತಾರೆ ಅನ್ನಿಸಿತು. ಬೇಡವೆಂದು ಕೈ ಆಡಿಸಿ, ಬಿಸಿಲು ಏರುತ್ತಿದೆ, ಮನೆಗೆ ಹೋಗಿರೆಂದು ಹೇಳಿ ನಾನೂ ಕಚೇರಿಯ ದಾರಿ ಹಿಡಿದೆ.